ಹುಣಸೆಕೊಪ್ಪಲಿನ ಒಂದು ಕಿಲೋಮೀಟರು

ಸರ್ಕಾರ ಅಂದರೆ ಬೆಂಗಳೂರಿನ ಯಾವುದೋ ಕಲ್ಲುಕಟ್ಟಡದಲ್ಲಿ ಕೂತಿರುತ್ತದೆ ಅಂತ ತಿಳಿದವರು ವಿಜಯಸಾರಥಿಯವರನ್ನು ಕಂಡವರಲ್ಲ. ಅರಸೀಕೆರೆಯಲ್ಲಿ ಊರೂರ ಶಾಲೆಗಳ ವ್ಯವಹಾರ ನೋಡಿಕೊಳ್ಳುವ ಒಂದು ಕಚೇರಿ ಇತ್ತು ಅಂತಿಟ್ಟುಕೊಳ್ಳಿ. ಯಾವುದು, ಎಲ್ಲಿ ಅಂತ ಹುಡುಕಿಕೊಂಡು ಹೋಗುವುದು ಬೇಡ. ಆ ಕಚೇರಿಯ ಕಿಟಕಿ ಪಕ್ಕದ ಮೇಜಿನ ಹಿಂದೆ ಮೂವತ್ತಾರು ವರ್ಷ ಸರ್ಕಾರ ಕೂತಿತ್ತು. ತೆಳ್ಳನೆಯ ಆಳು, ಹಣೆಯ ಮೇಲೆ ಶ್ರೀಚೂರ್ಣದ ಸಣ್ಣ ಗೆರೆ, ಜೇಬಿನಲ್ಲಿ ಎರಡು ಪೆನ್ನು, ಊಟದ ಡಬ್ಬಿಯಲ್ಲಿ ದಿನವೂ ಮೊಸರನ್ನ.

ಒಂದು ಕಾಗದ ಬಂತು ಅನ್ನಿ. ಅದು ಮೊದಲು ಸಾರಥಿಯವರ ಮೇಜಿಗೆ ಬರಬೇಕು. ಅವರು ಹಳೆಯ ಕಡತ ತೆಗೆದು, ನಿಯಮ ಏನು ಹೇಳುತ್ತದೆ, ಹಿಂದೆ ಹೀಗಾದಾಗ ಏನು ಮಾಡಿದ್ದರು, ಈಗ ಏನು ಮಾಡಬಹುದು ಅಂತ ಒಂದು ಟಿಪ್ಪಣಿ ಬರೆಯುತ್ತಿದ್ದರು. ಕೊನೆಗೆ 'ಆದೇಶಕ್ಕಾಗಿ ಸಲ್ಲಿಸಿದೆ' ಅಂತ ಬರೆದು, ಹಾಳೆಯ ಎಡಗಡೆ ಮೂಲೆಯಲ್ಲಿ ಇರುವೆಯಷ್ಟು ಸಣ್ಣದಾಗಿ 'ವಿ.ಸಾ.' ಅಂತ ಕಿರುಸಹಿ ಹಾಕುತ್ತಿದ್ದರು. ಬಲಗಡೆ ಸಾಹೇಬರ ದೊಡ್ಡ ಸಹಿ. ಅಲ್ಲಿಂದ ಹಾಸನ, ಹಾಸನದಿಂದ ಬೆಂಗಳೂರು. ಆ ಕಚೇರಿಗೆ ಇಪ್ಪತ್ತೊಂದು ಜನ ಸಾಹೇಬರು ಬಂದು ಹೋದರು. ತಾಲ್ಲೂಕನ್ನು ಸಾಹೇಬರು ನಡೆಸುತ್ತಾರೆ ಅಂತ ಜನ ನಂಬಿದ್ದರು. ಸಾಹೇಬರು ಏನು ಯೋಚಿಸಬೇಕು ಅನ್ನುವುದನ್ನು ಹಿಂದಿನ ದಿನ ಮಧ್ಯಾಹ್ನವೇ ಸಾರಥಿಯವರು ಬರೆದಿಟ್ಟಿರುತ್ತಿದ್ದರು.

ಅರ್ಜಿ ಹಿಡಿದು ಬಂದವರ ಜೊತೆ ಅವರು ಒರಟಾಗಿ ಮಾತಾಡಿದವರಲ್ಲ. ಕೂರಿಸಿ, ಪೂರ್ತಿ ಕೇಳಿ, ಮುದ್ರೆ ಒತ್ತಿ, "ಎರಡು ವಾರ ಬಿಟ್ಟು ಬನ್ನಿ" ಅನ್ನುತ್ತಿದ್ದರು. ಸುಳ್ಳು ಹೇಳಬೇಕು ಅಂತಲ್ಲ. ಮೇಲಿನಿಂದ ಯಾವತ್ತು ಬರುತ್ತದೆ ಅನ್ನುವುದು ಅವರಿಗೂ ಗೊತ್ತಿರುತ್ತಿರಲಿಲ್ಲ, ಗೊತ್ತಿಲ್ಲ ಅನ್ನುವುದಕ್ಕೆ ಸರ್ಕಾರದಲ್ಲಿ ಬೇರೆ ಮಾತಿಲ್ಲ.

ಇಂಥ ಮನುಷ್ಯನಿಗೂ ಒಂದು ಆಸೆ ಇತ್ತು, ಸಣ್ಣದಲ್ಲ. ಅವರು ಹುಟ್ಟಿದ್ದು ಬೇಲೂರಿನಲ್ಲಿ. ತಂದೆ ದೇವಸ್ಥಾನದ ಪರಿಚಾರಕರು. ಬೆಳಗಿನ ಜಾವಕ್ಕೇ ನೀರು ಹೊರುವುದು, ಪಾತ್ರೆ ಬೆಳಗುವುದು. ಅಪ್ಪನ ಕೆಲಸ ಮುಗಿಯುವ ತನಕ ಹುಡುಗ ಸಾರಥಿ ಹೊರಗೋಡೆಯ ಸುತ್ತ ಸುಳಿದಾಡುತ್ತಿದ್ದ. ಅಲ್ಲಿನ ಎಷ್ಟೋ ಗೊಂಬೆಗಳ ಕಾಲಡಿಯಲ್ಲಿ ಕೆತ್ತಿದವರು ತಮ್ಮ ಹೆಸರು ಬರೆದುಕೊಂಡಿದ್ದಾರೆ. ಅಪ್ಪ ಒಂದು ದಿನ ಅವನ ಬೆರಳು ಹಿಡಿದು ಆ ಅಕ್ಷರಗಳ ಮೇಲೆ ಆಡಿಸಿದ್ದರು. ರಜೆಗೆ ಹಳೇಬೀಡಿನ ಸೋದರಮಾವನ ಮನೆಗೆ ಹೋದರೂ ಹುಡುಗನಿಗೆ ಇದೇ ಕೆಲಸ, ಕಲ್ಲಿನ ಮೇಲೆ ಹೆಸರು ಹುಡುಕುವುದು. ಉಳಿ ಹಿಡಿದು ಬಂದವನು ತನ್ನ ಹೆಸರು ಬಿಟ್ಟು ಹೋಗಿದ್ದಾನಲ್ಲ ಅನ್ನುವ ಬೆರಗು ಅವನೊಳಗೆ ಹಾಗೇ ಉಳಿಯಿತು.

ಸರ್ಕಾರಿ ಕಾಗದದಲ್ಲಿ ಹೆಸರು ಬಿಡುವ ಹಾಗಿಲ್ಲ ಅಂತ ನೌಕರಿಗೆ ಸೇರಿದ ವಾರದಲ್ಲೇ ಸಾರಥಿಯವರಿಗೆ ತಿಳಿಯಿತು. ಸರಿ, ಹೆಸರು ಬೇಡ. ತಾವು ಬರೆದ ಒಂದು ವಾಕ್ಯ, ಒಂದೇ ಒಂದು, ಬೆಂಗಳೂರಿನಿಂದ ಆದೇಶವಾಗಿಯೋ ಸುತ್ತೋಲೆಯಾಗಿಯೋ ತಿರುಗಿ ಬರಬೇಕು. ಹೊಸ ಸುತ್ತೋಲೆ ಬಂದ ದಿನ ಅವರು ಅದನ್ನು ಎರಡು ಸಲ ಓದುತ್ತಿದ್ದರು: ಒಂದು ಸಲ ಕೆಲಸಕ್ಕೆ, ಇನ್ನೊಂದು ಸಲ ಆ ವಾಕ್ಯಕ್ಕೆ. ಮನೆಗೆ ಬಂದರೆ ಹೆಂಡತಿ ಶ್ರೀರಂಗಮ್ಮ ಕಾಫಿ ಲೋಟ ಮುಂದಿಟ್ಟು, "ಏನ್ರೀ, ಬಂತಾ ನಿಮ್ಮ ವಾಕ್ಯ?" ಅಂತ ಕೇಳುತ್ತಿದ್ದರು. ಮೊದಮೊದಲು ತಮಾಷೆಗೆ ಕೇಳುತ್ತಿದ್ದದ್ದು. ಆಮೇಲಾಮೇಲೆ ಆಕೆಗೂ ಕಾಯುವುದು ಅಭ್ಯಾಸವಾಗಿ ಹೋಯಿತು.

ಈಗ ಹುಣಸೆಕೊಪ್ಪಲಿನ ಮಾತಿಗೆ ಬರೋಣ. ಕಣಕಟ್ಟೆ ಕಡೆಯ ಮೂವತ್ತು ಮನೆಯ ಕೊಪ್ಪಲು, ರಾಗಿ ಹೊಲ, ಒಂದಿಷ್ಟು ತೆಂಗು, ಒಂದು ಕೋಣೆಯ ಶಾಲೆ. ಶಾಲೆಯ ಮುಂದಿನ ಹೊಂಗೆ ಮರಕ್ಕೆ ರೈಲು ಕಂಬಿಯ ತುಂಡೊಂದನ್ನು ನೇತು ಹಾಕಿದ್ದರು, ಅದೇ ಗಂಟೆ. ಎದುರು ದಡದಲ್ಲಿ ಗೋಣಿಮರದಹಳ್ಳಿ, ನಡುವೆ ಕೆರೆ. ಬಿಸಿಯೂಟ ಶುರುವಾದ ವರ್ಷ ಕೊಪ್ಪಲಿನ ಶಾಲೆಗೆ ಅಡುಗೆಮನೆ ಇರಲಿಲ್ಲ. ಗೋಣಿಮರದಹಳ್ಳಿಯ ಶಾಲೆಯಲ್ಲಿ ಬೇಯಿಸಿ ತರಬಹುದು, ಆದರೆ ಒಂದು ಕಿಲೋಮೀಟರಿನೊಳಗಿದ್ದರೆ ಮಾತ್ರ ಅಂತ ಮೇಲಿನಿಂದ ಬಂದಿತ್ತು. ಅಳೆದುಕೊಂಡು ಬರಲು ಸಾರಥಿಯವರು ಹೋದರು.

ಆ ಹೊತ್ತಿಗೆ ಮಳೆ ಕೈಕೊಟ್ಟು ಕೆರೆ ಒಣಗಿ ಮೂರು ಬೇಸಿಗೆ ಆಗಿತ್ತು. ಕೆರೆಯಂಗಳದಲ್ಲಿ ಜಾಲಿ ಬೆಳೆದು, ದನ ಮೇಯುತ್ತಿದ್ದವು. ಸಾರಥಿಯವರು ಬಾಡಿಗೆ ಸೈಕಲ್ಲಿನ ಮುಂದಿನ ಚಕ್ರಕ್ಕೆ ಬಟ್ಟೆಯ ಚೂರು ಕಟ್ಟಿ, ಸುತ್ತು ಎಣಿಸುತ್ತಾ ತಳ್ಳಿಕೊಂಡು ಹೊರಟರು. ಕೊಪ್ಪಲಿನ ಗಿಡ್ಡಮ್ಮ, ಆಗಿನ್ನೂ ಮೂವತ್ತು ದಾಟದ ಹೆಂಗಸು, ದಾರಿ ತೋರಿಸುತ್ತಾ ಮುಂದೆ ನಡೆದಳು. ಕೆರೆಯ ಅಂಗಳದ ನಡುವೆ ನೇರವಾಗಿ ಹಾದರೆ ನಾನೂರ ಎಪ್ಪತ್ತೈದು ಸುತ್ತು. ಒಂದು ಕಿಲೋಮೀಟರಿಗೆ ಎರಡು ಮಾರು ಕಡಿಮೆ. ಇಬ್ಬರಿಗೂ ಹಿಗ್ಗು.

ಕಚೇರಿಗೆ ಬಂದು ನಮೂನೆಯಲ್ಲಿ ಅಂತರ ಅನ್ನುವ ಕಡೆ 'ಒಂದು ಕಿ.ಮೀ.' ಅಂತ ತುಂಬಿದರು. ನಮೂನೆಯ ಕೊನೆಗೆ ಷರಾ ಅಂತ ಒಂದು ಕಾಲಂ ಇರುತ್ತಿತ್ತು, ಬೇರೆಲ್ಲೂ ಹಿಡಿಸದ ಮಾತು ಬರೆಯಲು. ಎಲ್ಲರೂ ಅಲ್ಲಿ ಅಡ್ಡಗೆರೆ ಎಳೆದು ಬಿಡುತ್ತಿದ್ದರು. ಸಾರಥಿಯವರು ಬರೆದರು: 'ಕೆರೆ ಒಣಗಿರುವಾಗ ಮಾತ್ರ. ಕೆರೆ ತುಂಬಿದರೆ ಈ ದಾರಿ ದಾರಿಯಲ್ಲ.' ಬರೆದದ್ದನ್ನು ತಾವೇ ಓದಿಕೊಂಡು ಅವರಿಗೆ ಖುಷಿಯಾಯಿತು. ಒಳ್ಳೆಯ ವಾಕ್ಯ, ಇದು ತಿರುಗಿ ಬಂದರೂ ಬಂದೀತು ಅನ್ನಿಸಿತು.

ಬರಲಿಲ್ಲ. ಆದರೆ ಊಟ ಬಂತು. ಗಿಡ್ಡಮ್ಮ ದಿನವೂ ಪಾತ್ರೆ ತಲೆಯ ಮೇಲಿಟ್ಟುಕೊಂಡು ಕೆರೆಯಂಗಳ ದಾಟಿ ಬಿಸಿ ಅನ್ನ ಸಾರು ತಂದಳು. ನಾಲ್ಕು ವರ್ಷದ ಮೇಲೆ ಕೊಪ್ಪಲಿನಲ್ಲೇ ಅಡುಗೆಮನೆ ಆಯಿತು, ಅವಳೇ ಅಡುಗೆಯವಳಾದಳು. ಆ ಒಂದು ಕಿಲೋಮೀಟರು ಯಾರಿಗೂ ಬೇಡವಾಗಿ ಕಡತದಲ್ಲಿ ಮಲಗಿತು.

ಮುಂದೆ ಒಂದು ಮಾರ್ಚಿ ಕೊನೆಯಲ್ಲಿ ಎಲ್ಲವನ್ನೂ ಕಂಪ್ಯೂಟರಿಗೆ ಹಾಕಿ ಅಂದರು. ಸಾರಥಿಯವರೇ ಕೂತು ತುಂಬಿದರು. ಹುಣಸೆಕೊಪ್ಪಲು ಬಂದಾಗ ಷರಾ ಹುಡುಕಿದರು. ಆ ಕಾಲಂ ಇರಲಿಲ್ಲ. ಅಂತರದ ಚೌಕದೊಳಗೇ 'ಕೆರೆ' ಅಂತ ಒತ್ತಿದರು, ಯಂತ್ರ ಕೆಂಪಗಾಗಿ ಅಂಕಿ ಮಾತ್ರ ಕೊಡಿ ಅಂದಿತು. ಹಾಸನದಿಂದ ಆಗಲೇ ಮೂರು ಸಲ ಫೋನು ಬಂದಿತ್ತು. ಅವರು ಒಂದು ಅಂತ ಒತ್ತಿ ಮುಂದಿನ ಶಾಲೆಗೆ ಹೋದರು. ಆ ಕ್ಷಣ ಮನಸ್ಸು ಚುರುಕ್ ಅಂದದ್ದು ಅವರಿಗೆ ಕೊನೆಯ ತನಕ ನೆನಪಿತ್ತು.

ಆಮೇಲೆ ಇನ್ಯಾವುದೋ ಇಲಾಖೆಯ ಇನ್ಯಾವುದೋ ಕಡತ ನಡೆದು, ಎಲ್ಲಿಂದಲೋ ಪೈಪಿನಲ್ಲಿ ನೀರು ಬಂದು ಕೆರೆ ತುಂಬಿತು. ಜನ ಬಾಗಿನ ಬಿಟ್ಟರು. ತೆಂಗು ಚಿಗುರಿತು, ಬಾವಿಗಳಲ್ಲಿ ನೀರೂರಿತು, ಕೊಪ್ಪಲಿನ ನಸೀಬೇ ತಿರುಗಿತು ಅಂತ ಗಿಡ್ಡಮ್ಮ ಸಿಕ್ಕಿದವರಿಗೆಲ್ಲ ಹೇಳಿದಳು. ನೀರು ತುಂಬಿಸಿದ ಇಲಾಖೆಗೆ ಶಾಲೆಯ ಗೊಡವೆ ಇಲ್ಲ, ಶಾಲೆಯ ಇಲಾಖೆಗೆ ಕೆರೆಯ ಗೊಡವೆ ಇಲ್ಲ. ಎರಡರ ನಡುವೆ ಒಂದು ಕಿಲೋಮೀಟರು ನೀರಿನಲ್ಲಿ ಮುಳುಗಿದ್ದು ಯಾವ ಕಚೇರಿಯ ಕಣ್ಣಿಗೂ ಬೀಳಲಿಲ್ಲ.

ಸಾರಥಿಯವರ ನಿವೃತ್ತಿಗೆ ಇನ್ನು ನಾಲ್ಕು ತಿಂಗಳಿದೆ ಅನ್ನುವಾಗ ಬೆಂಗಳೂರಿನಿಂದ ಒಂದು ಪಟ್ಟಿ ಬಂತು. ಹತ್ತು ಮಕ್ಕಳಿಗಿಂತ ಕಡಿಮೆ ಇದ್ದು, ಒಂದು ಕಿಲೋಮೀಟರಿನೊಳಗೆ ಇನ್ನೊಂದು ಶಾಲೆ ಇದ್ದರೆ, ಸಣ್ಣ ಶಾಲೆಯನ್ನು ಅದರಲ್ಲಿ ಸೇರಿಸುವುದು. ಅಭ್ಯಾಸದಂತೆ ಎರಡನೇ ಸಲ ಓದುವಾಗ ಅವರ ಬೆರಳು ನಿಂತಿತು. ಹುಣಸೆಕೊಪ್ಪಲು, ಮಕ್ಕಳು ಏಳು, ಸಮೀಪದ ಶಾಲೆ ಗೋಣಿಮರದಹಳ್ಳಿ, ಅಂತರ ಒಂದು ಕಿ.ಮೀ. ಮೂವತ್ತಾರು ವರ್ಷ ಕಾದದ್ದು ಕೊನೆಗೂ ಬೆಂಗಳೂರಿನಿಂದ ತಿರುಗಿ ಬಂದಿತ್ತು. ಅವರು ಬರೆದ ವಾಕ್ಯವಲ್ಲ, ಅವರು ಒತ್ತಿದ ಅಂಕಿ. ಸಾರಥಿಯವರು ಆ ದಿನ ಮೊಸರನ್ನದ ಡಬ್ಬಿಯನ್ನು ತೆರೆಯದೆ ಹಾಗೇ ಮನೆಗೆ ತಂದರು.

ಮಾರನೆಯ ದಿನ ರಜೆ ಹಾಕಿ ಕೊಪ್ಪಲಿಗೆ ಹೋದರು. ಗಿಡ್ಡಮ್ಮ ಸಾರಿಗೆ ಒಗ್ಗರಣೆ ಹಾಕುತ್ತಿದ್ದಳು. ಅವಳ ಮೊಮ್ಮಗಳು ಮೇಘಶ್ರೀ ಅಲ್ಲೇ ಎರಡನೇ ಕ್ಲಾಸು. ವಿಷಯ ಕೇಳಿ ಗಿಡ್ಡಮ್ಮ ಸೌಟು ಕೆಳಗಿಟ್ಟಳು.

"ಒಂದು ಕಿಲೋಮೀಟ್ರಾ? ಎಲ್ಲೈತೆ ಸ್ವಾಮಿ ದಾರಿ? ನಮ್ಮ ಮಕ್ಕಳೇನು ಮೀನಾ, ಈಜ್ಕೊಂಡು ಹೋಗಕ್ಕೆ?"

"ಅಳೆದದ್ದು ನಾನೇ ಗಿಡ್ಡಮ್ಮ."

ಅವಳು ಒಲೆಯ ಉರಿ ತಗ್ಗಿಸಿದಳು. "ಮುಂದೆ ಮುಂದೆ ದಾರಿ ತೋರ್ಸಿದ್ದು ನಾನೇ ಅಲ್ವಾ ಸ್ವಾಮಿ. ಮಕ್ಕಳಿಗೆ ಅನ್ನ ಬತ್ತದೆ ಅಂತ ಕುಣ್ಕಂಡು ನಡೆದಿದ್ದೆ."

ಇಬ್ಬರೂ ಮತ್ತೆ ಅಳೆದರು. ಯಾರದೋ ಸೈಕಲ್ಲು, ಚಕ್ರಕ್ಕೆ ಗಿಡ್ಡಮ್ಮನ ಹಳೆಯ ಸೀರೆಯ ಚೂರು. ಏರಿಯ ಮೇಲೆ ಹತ್ತಿ, ಕೋಡಿ ಬಳಸಿ, ಲಾರಿ ಓಡಾಡುವ ಟಾರು ರಸ್ತೆಗೆ ಬಿದ್ದು, ಸಾವಿರದ ಆರುನೂರ ಇಪ್ಪತ್ತು ಸುತ್ತು. ಮೂರು ಕಿಲೋಮೀಟರು, ಮೇಲೆ ನಾನೂರು ಮೀಟರು. ಬಲಗಡೆ ಉದ್ದಕ್ಕೂ ನೀರು ತಣ್ಣಗೆ ಹೊಳೆಯುತ್ತಿತ್ತು. ಅದನ್ನು ಬೈಯಲು ಇಬ್ಬರಿಗೂ ಬಾಯಿ ಬರಲಿಲ್ಲ.

ರೆಕಾರ್ಡು ರೂಮಿನಲ್ಲಿ ಮೂರು ದಿನ ಧೂಳು ಕುಡಿದು ಸಾರಥಿಯವರು ಹಳೆಯ ನಮೂನೆ ಹೊರತೆಗೆದರು. ಷರಾ ಹಾಗೇ ಇತ್ತು, ಶಾಯಿ ಕಂದಾಗಿತ್ತು. ಅದನ್ನು ಲಗತ್ತಿಸಿ ತಮ್ಮ ನೌಕರಿಯ ಅತಿ ಉದ್ದದ ಟಿಪ್ಪಣಿ ಬರೆದರು. ತಪ್ಪಾಗಿದ್ದು ಹೇಗೆ, ಕಂಪ್ಯೂಟರಿಗೆ ಹಾಕುವಾಗ ಷರಾ ಬಿಟ್ಟವನು ತಾನೇ, ಎಲ್ಲ ಬರೆದರು. ಕೊನೆಗೆ ಇನ್ನೊಂದು ಮಾತು ಸೇರಿಸಿದರು: ಅಂತರ ಎಷ್ಟು ಅಂತ ಕೇಳುವ ನಮೂನೆಯಲ್ಲಿ, ಮಳೆಗಾಲದಲ್ಲಿ ದಾರಿ ಇದೆಯೇ ಅಂತಲೂ ಕೇಳಬೇಕು.

ಆಗಿನ ಸಾಹೇಬರು ಚಿದಂಬರ ಅಂತ, ವಯಸ್ಸಿನಲ್ಲಿ ಸಾರಥಿಯವರ ಮಗನಂತಿದ್ದವರು, ಕೆಟ್ಟವರಲ್ಲ. ಪೂರ್ತಿ ಓದಿದರು.

"ಸಾರಥಿಯವರೇ, ನಾನೇ ಬಿಟ್ಟೆ ಅಂತ ನೀವೇ ಬರ್ಕೊಂಡಿದ್ದೀರಲ್ರೀ. ಹೋಗೋ ಹೊತ್ತಲ್ಲಿ ಇದೆಲ್ಲ ಯಾಕೆ? ಆ ಸಾಲು ತೆಗೀರಿ."

"ಅದು ತೆಗೆದ್ರೆ ಮಿಕ್ಕಿದ್ದಕ್ಕೆ ಆಧಾರ ಇರಲ್ಲ ಸಾರ್."

ಚಿದಂಬರ ಅವರನ್ನೊಮ್ಮೆ ನೋಡಿ, ಬಲಗಡೆ ಸಹಿ ಹಾಕಿದರು. "ಕಳಿಸ್ತೀನಿ. ಆದ್ರೆ ಪಟ್ಟಿ ಮೇಲೆ ಒಪ್ಪಿಗೆ ಆಗ್ಹೋಗಿದೆ. ಅಲ್ಲಿ ಯಾರು ಓದ್ತಾರೋ, ಯಾವಾಗ ಓದ್ತಾರೋ."

ಸಾರಥಿಯವರು ಕಾದರು. ಒಂದು ತಿಂಗಳ ಮೇಲೆ ಹಾಸನಕ್ಕೆ ಹೋಗಿ ವಿಚಾರಿಸಿದರು. ಬೆಂಗಳೂರಿಗೆ ಹೋಗಿದೆ ಅಂದರು. ಬೆಂಗಳೂರಿಗೆ ಫೋನು ಮಾಡಿದರು, ಪರಿಶೀಲನೆಯಲ್ಲಿದೆ ಅಂದರು. ಪರಿಶೀಲನೆಯಲ್ಲಿದೆ ಅಂದರೆ ಏನು ಅಂತ ಅವರಿಗೆ ಬೇರೆ ಯಾರೂ ಹೇಳಿಕೊಡಬೇಕಾಗಿರಲಿಲ್ಲ. ಮೇ ಕೊನೆಯ ದಿನ ಅವರಿಗೆ ಶಾಲು, ಹಾರ, ಒಂದು ಗೋಡೆ ಗಡಿಯಾರ ಕೊಟ್ಟು ಕಳಿಸಿದರು. ಅವರ ಮೇಜಿಗೆ ಗೆಂಡೆಹಳ್ಳಿ ಕಡೆಯ ಹುಡುಗಿ ಹಂಸಾ ಬಂದಳು. ಎರಡು ವರ್ಷ ಅವರ ಕೈಕೆಳಗೇ ಕೆಲಸ ಕಲಿತವಳು, ಅಕ್ಷರ ದುಂಡಗೆ. ಹಂಸಾಳಿಗೆ ಅವರು ಹೇಳಿದ್ದು ಒಂದೇ ಮಾತು: "ಆ ಹುಣಸೆಕೊಪ್ಪಲಿನ ಕಡತ ಒಂದು ನೋಡ್ಕೊಳಮ್ಮ."

ಜೂನಿನಲ್ಲಿ ಕೊಪ್ಪಲಿನ ಶಾಲೆಗೆ ಬೀಗ ಬಿತ್ತು. ಏಳು ಮಕ್ಕಳಲ್ಲಿ ಇಬ್ಬರು ಹಾಲಿನ ಟೆಂಪೋ ಹತ್ತಿ ಗೋಣಿಮರದಹಳ್ಳಿಗೆ ಹೋಗತೊಡಗಿದರು, ಟೆಂಪೋ ಬರದ ದಿನ ಇಲ್ಲ. ಒಂದು ಮಗು ಶಾಲೆ ಬಿಟ್ಟು ಕುರಿ ಹಿಂದೆ ನಡೆಯಿತು. ಉಳಿದವರು ನೆಂಟರಿಷ್ಟರ ಊರು ಸೇರಿದರು. ಮೇಘಶ್ರೀಯನ್ನು ಹಾರನಹಳ್ಳಿಯ ಸೋದರಮಾವ ಕರೆದುಕೊಂಡು ಹೋದ. ಹೋಗುವಾಗ ಆ ಮಗು, ಗಂಟೆ ಹೊಡೆಯುವ ಕೋಲನ್ನು ಅಜ್ಜಿಯ ಮನೆಯ ಸೂರಿಗೆ ಸಿಕ್ಕಿಸಿ, ನಾನು ಬರೋ ತನಕ ಇಟ್ಟಿರು ಅಂದಿತಂತೆ.

ನಿವೃತ್ತಿಯಾದ ಸಾರಥಿಯವರು ಮನೆಯಲ್ಲಿ ಕೂತು ಏನು ಮಾಡುತ್ತಿದ್ದರು ಅಂತೀರಿ? ಹತ್ತು ಗಂಟೆಗೆ ಇಸ್ತ್ರಿ ಅಂಗಿ ಹಾಕಿಕೊಂಡು ವರಾಂಡದಲ್ಲಿ ಕೂರುತ್ತಿದ್ದರು. ಕಚೇರಿಯ ನೆನಪು ಬಹಳ ಕಾಡುತ್ತಿತ್ತು. ಹಳೆಯ ಕಾಗದದ ವಾಸನೆ, ಮುದ್ರೆ ಒತ್ತುವ ಟಪಟಪ ಸದ್ದು. ಅದಕ್ಕಿಂತ ಹೆಚ್ಚಾಗಿ ಒಂದು ಬೀಗ ಕಾಡುತ್ತಿತ್ತು. ಶ್ರೀರಂಗಮ್ಮ ಈಗ ವಾಕ್ಯದ ಮಾತು ಎತ್ತುತ್ತಿರಲಿಲ್ಲ.

ಮುಂದಿನ ಸಂಕ್ರಾಂತಿ ಕಳೆದು ಒಂದು ವಾರಕ್ಕೆ ಹಂಸಾ ಫೋನು ಮಾಡಿದಳು. "ಸರ್, ಬಂತು. ನಿಮ್ಮದು ಬಂತು. ಬೇಗ ಬನ್ನಿ."

ಸಾರಥಿಯವರು ಚಪ್ಪಲಿ ಮೆಟ್ಟಿದ್ದೇ ಗೊತ್ತಾಗಲಿಲ್ಲ. ಕಚೇರಿಯಲ್ಲಿ ಹಂಸಾ ಹೊಸ ನಮೂನೆ ಮುಂದಿಟ್ಟಳು, ಇಡೀ ರಾಜ್ಯಕ್ಕೆ ಕಳಿಸಿದ್ದು. ಹದಿಮೂರು ಕಾಲಂ ಹಳೆಯವು. ಹದಿನಾಲ್ಕನೆಯದರ ಮೇಲೆ ಅಚ್ಚಾಗಿತ್ತು: 'ಮಳೆಗಾಲದಲ್ಲಿ ದಾರಿ ಇದೆಯೇ? ಹೌದು / ಇಲ್ಲ.' ಇಲ್ಲ ಅಂದರೆ ಆ ಶಾಲೆಯನ್ನು ಸೇರಿಸತಕ್ಕದ್ದಲ್ಲ ಅಂತ ಕೆಳಗೆ ಸೂಚನೆ. ಅವರ ವಾಕ್ಯ, ಒಂದಕ್ಷರ ಅತ್ತಿತ್ತ ಆಗದೆ. ಬೆರಳು ತಾನಾಗಿ ಹೋಗಿ ಆ ಅಕ್ಷರಗಳ ಮೇಲೆ ಆಡಿತು, ಬೇಲೂರಿನ ಗೋಡೆಯ ಮೇಲೆ ಆಡಿದ ಹಾಗೆ. ಕಣ್ಣು ತುಂಬಿ ಬಂತು. ಅಪ್ಪ ಇರಬೇಕಿತ್ತು ಅನ್ನಿಸಿತು.

"ಹುಣಸೆಕೊಪ್ಪಲು ಎಷ್ಟನೇ ಸಾಲಮ್ಮ?" ಅಂದರು. "ಅದನ್ನ ನಾನೇ ತುಂಬ್ತೀನಿ. ಕೊಡು."

ಹಂಸಾ ತಲೆ ತಗ್ಗಿಸಿದಳು. "ಇದು ನಡೀತಾ ಇರೋ ಶಾಲೆಗಳದ್ದು ಮಾತ್ರ ಸರ್. ಮುಂದಿನ ವರ್ಷದಿಂದ ಅಂತೆ. ಮುಚ್ಚಿರೋದು ಪಟ್ಟಿಯಲ್ಲೇ ಬರಲ್ಲ."

ಸಾರಥಿಯವರು ಪಟ್ಟಿಯನ್ನು ಮೇಲಿನಿಂದ ಕೆಳಗೆ ಓದಿದರು, ಅಭ್ಯಾಸದಂತೆ ಎರಡು ಸಲ. ಇರಲಿಲ್ಲ.

ಆ ನಮೂನೆಯ ಒಂದು ಪ್ರತಿ ಮಡಿಸಿಕೊಂಡು ಮಾರನೆಯ ದಿನ ಕಣಕಟ್ಟೆ ಬಸ್ಸು ಹತ್ತಿದರು. ಗಿಡ್ಡಮ್ಮ ಶಾಲೆಯ ಮೆಟ್ಟಿಲ ಮೇಲೆ ಅವರೆಕಾಯಿ ಬಿಡಿಸುತ್ತಾ ಕೂತಿದ್ದಳು. ಅವರು ಹದಿನಾಲ್ಕನೇ ಕಾಲಂ ಓದಿ ಹೇಳಿದರು, ಬರೆದದ್ದು ತಾವೇ ಅಂತಲೂ ಹೇಳಿದರು. ಮೂವತ್ತಾರು ವರ್ಷದಲ್ಲಿ ಹೊರಗಿನವರ ಮುಂದೆ ಹಾಗೆ ಹೇಳಿಕೊಂಡದ್ದು ಅದೇ ಮೊದಲು.

"ಬಾಗ್ಲು ಹಾಕಾದ್ಮೇಲೆ ದಾರಿ ಐತಾ ಅಂತ ಕೇಳ್ತವ್ರಾ ಸ್ವಾಮಿ?" ಅಂದಳು ಗಿಡ್ಡಮ್ಮ. ಆಮೇಲೆ ಅವರ ಮುಖ ನೋಡಿ ದನಿ ಇಳಿಸಿದಳು. "ಹೋಗ್ಲಿ ಬುಡಿ. ಬೇರೆ ಊರ ಮಕ್ಕಳಿಗಾದ್ರೂ ಆಯ್ತಲ್ಲ. ನಂಗೆ ಆ ಕೂಸಿಂದೇ ಗ್ಯಾನ. ಮಧ್ಯಾಹ್ನ ಒಂದ್ ಗಂಟೆಗೆ ಇವತ್ತೂ ಕಿವಿ ನೆಟ್ಟಗಾಯ್ತದೆ, ಗಂಟೆ ಹೊಡೀತದೇನೋ ಅಂತ."

ಸಾರಥಿಯವರು ಅವಳ ಪಕ್ಕ, ಅದೇ ಮೆಟ್ಟಿಲ ಮೇಲೆ ಕೂತರು. ಚೀಲದಿಂದ ಬಿಳಿ ಹಾಳೆ ತೆಗೆದು, ಶಾಲೆಯನ್ನು ಮತ್ತೆ ತೆರೆಯಬೇಕು ಅಂತ ಒಂದು ಅರ್ಜಿ ಬರೆದರು. ಹದಿನಾಲ್ಕನೇ ಕಾಲಮನ್ನೇ ಆಧಾರ ಮಾಡಿದರು. ಮುಗಿದ ಮೇಲೆ ಕೈ ತಾನಾಗಿ ಎಡಗಡೆ ಮೂಲೆಗೆ ಹೋಗಿ 'ವಿ.ಸಾ.' ಅಂತ ಬರೆದುಬಿಟ್ಟಿತು. ಅದನ್ನು ಹೊಡೆದು ಹಾಕಿ, ಬಲಗಡೆ ಗಿಡ್ಡಮ್ಮನ ಹೆಬ್ಬೆಟ್ಟು ಒತ್ತಿಸಿ, ಅದರ ಕೆಳಗೆ ತಮ್ಮ ಹೆಸರನ್ನು ಪೂರ್ತಿಯಾಗಿ, ಊರಿನ ಸಮೇತ ಬರೆದರು.

ಇಬ್ಬರೂ ಒಟ್ಟಿಗೇ ಅರಸೀಕೆರೆಗೆ ಬಂದರು. ಕಚೇರಿಯ ಒಳಗೆ ಬರಲು ಗಿಡ್ಡಮ್ಮನಿಗೆ ಸಂಕೋಚ, ಹೊರಗೆ ಬೇವಿನ ಮರದ ಕೆಳಗೆ ನಿಂತಳು. ಹಂಸಾ ಎದ್ದು ಕುರ್ಚಿ ತೋರಿಸಿದಳು. ಸಾರಥಿಯವರು ಕೂರಲಿಲ್ಲ, ಮೇಜಿನ ಈಚೆಗೆ ನಿಂತೇ ಅರ್ಜಿ ಕೊಟ್ಟರು. ಅವಳು ಪೂರ್ತಿ ಓದಿ, ಮುದ್ರೆ ಒತ್ತಿ, ನಂಬರು ಬರೆದು, ಸ್ವೀಕೃತಿ ಹರಿದು ಕೊಟ್ಟಳು. ಆಮೇಲೆ ಬಾಯಿ ತೆರೆದು, ತಡೆದಳು. ಅವಳಿಗೆ ಕೆಲಸ ಕಲಿಸಿದವರು ಅವರೇ. ಮುಂದಿನ ಮಾತು ಯಾವುದು ಅಂತ ಅವರಿಗೆ ಗೊತ್ತಿತ್ತು.

"ಹೇಳಮ್ಮ, ಪರವಾಗಿಲ್ಲ."

"ಎರಡು ವಾರ ಬಿಟ್ಟು ಬನ್ನಿ ಸರ್," ಅಂದಳು ಹಂಸಾ. ಅವಳ ಕಣ್ಣು ಮೇಜಿನ ಮೇಲೇ ಇತ್ತು.

ಸಾರಥಿಯವರು ಸ್ವೀಕೃತಿಯನ್ನು ಜೇಬಿಗಿಟ್ಟುಕೊಂಡು ಹೊರಗೆ ಬಂದರು. ಗಿಡ್ಡಮ್ಮ ಓಡಿಬಂದಳು.

"ಏನಂದ್ರು ಸ್ವಾಮಿ?"

"ಎರಡು ವಾರ ಬಿಟ್ಟು ಬರಬೇಕಂತೆ."

"ಎರಡು ವಾರ ಅಂದ್ರೆ ಎಷ್ಟು ದಿನ ಸ್ವಾಮಿ? ಕೂಸಿಗೆ ಹೇಳ್ಬೇಕು."

ಮೂವತ್ತಾರು ವರ್ಷ ಆ ಮಾತನ್ನು ಸಾವಿರಾರು ಜನಕ್ಕೆ ಹೇಳಿದ್ದರು. ಎಷ್ಟು ದಿನ ಅಂತ ಯಾರೂ ಕೇಳಿರಲಿಲ್ಲ. ವಿಜಯಸಾರಥಿಯವರು ಮರದ ಕೆಳಗೆ, ಅರ್ಜಿ ಕೊಟ್ಟು ಕಾಯುತ್ತಿದ್ದ ಮಿಕ್ಕವರ ನಡುವೆ ನಿಂತು, "ಗೊತ್ತಿಲ್ಲ ಗಿಡ್ಡಮ್ಮ" ಅಂದರು.